ಒಂದೇ ಕ್ಲಾಸಿನವರು ಸೇರಿ ಬ್ಯಾಂಡ್ ಕಟ್ಟುವುದು ಹೇಗೆ: ಮೊದಲ ಜ್ಯಾಮಿನಿಂದ ಮೊದಲ ಹಾಡಿನವರೆಗೆ

ಪರೀಕ್ಷೆ ಮುಗಿದ ದಿನ ಸಂಗೀತ ಶಾಲೆಯ ಮೆಟ್ಟಿಲ ಮೇಲೆ ಕೂತು "ನಾವೇ ಒಂದು ಬ್ಯಾಂಡ್ ಮಾಡೋಣ" ಅಂದವರಲ್ಲಿ ನಾನೂ ಒಬ್ಬ. ಐದು ಜನ ಇದ್ದೆವು. ಬ್ಯಾಂಡ್ ಎರಡು ವರ್ಷ ನಡೆಯಿತು. ಆಮೇಲೆ ಒಂದು ಹಾಡನ್ನು ಮಾಡಿದವರು ಯಾರು ಅನ್ನುವ ಪ್ರಶ್ನೆ ಬಂತು. ಐವರದ್ದೂ ಐದು ಉತ್ತರ. ಅಲ್ಲಿಗೆ ನಿಂತಿತು. ಅದಾದ ಮೇಲೆ ಬೇರೆ ಬ್ಯಾಂಡುಗಳಲ್ಲಿ ಬೇಸ್ ಗಿಟಾರ್ ನುಡಿಸಿದ್ದೇನೆ, ಈಗ ಮಕ್ಕಳಿಗೆ ಕಲಿಸುತ್ತೇನೆ. ಪ್ರತಿ ವರ್ಷ ಯಾರಾದರೂ ಬಂದು "ಸಾರ್, ಬ್ಯಾಂಡ್ ಶುರು ಮಾಡೋದು ಹೇಗೆ?" ಅಂತ ಕೇಳುತ್ತಾರೆ. ಅವರಿಗೆ ಬಿಡಿಬಿಡಿಯಾಗಿ ಹೇಳುತ್ತಾ ಬಂದದ್ದನ್ನು ಇಲ್ಲಿ ಒಟ್ಟಿಗೆ ಬರೆದಿದ್ದೇನೆ.

ಕ್ಲಾಸಿನಲ್ಲಿ ಮೇಷ್ಟ್ರು ಒಬ್ಬೊಬ್ಬರನ್ನೇ ಕರೆದು ನುಡಿಸಲು ಹೇಳುತ್ತಾರೆ, ಒಬ್ಬೊಬ್ಬರಿಗೇ ಅಂಕ ಕೊಡುತ್ತಾರೆ. ಹಾಗಾಗಿ ಎಲ್ಲರಿಗೂ ಚೆನ್ನಾಗಿ ನುಡಿಸಲು ಬರುತ್ತದೆ, ಆದರೆ ಪಕ್ಕದವರಿಗೆ ಜಾಗ ಬಿಡುವುದು ಅಭ್ಯಾಸ ಇರುವುದಿಲ್ಲ. ಜೊತೆಗೆ, ಸ್ನೇಹಿತರಾದ್ದರಿಂದ ದುಡ್ಡಿನ ಮಾತು, ಹೆಸರಿನ ಮಾತು ಎತ್ತಲು ಸಂಕೋಚ. ಈ ಎರಡನ್ನೂ ಮೊದಲೇ ಸರಿಮಾಡಿಕೊಂಡ ಬ್ಯಾಂಡುಗಳು ಬಹಳ ಕಾಲ ಉಳಿದದ್ದನ್ನು ಕಂಡಿದ್ದೇನೆ.

ಉದಾಹರಣೆಗೆ ನಾನು ಮತ್ತೆ ಮತ್ತೆ ಹೋಗುವುದು ಅಮೆರಿಕದ ಲೇಕ್ ಸ್ಟ್ರೀಟ್ ಡೈವ್ ಬ್ಯಾಂಡಿನ ಹತ್ತಿರ. ಬಾಸ್ಟನ್ನಿನ ನ್ಯೂ ಇಂಗ್ಲೆಂಡ್ ಕನ್ಸರ್ವೇಟರಿ ಅನ್ನುವ ಸಂಗೀತ ಕಾಲೇಜಿನಲ್ಲಿ ಓದುತ್ತಿದ್ದ ನಾಲ್ವರು 2004ರಲ್ಲಿ ಇದನ್ನು ಕಟ್ಟಿದರು. ರೇಚಲ್ ಪ್ರೈಸ್ ಗಾಯಕಿ, ಮೈಕ್ ಓಲ್ಸನ್ ಟ್ರಂಪೆಟ್ ಮತ್ತು ಗಿಟಾರ್, ಬ್ರಿಜೆಟ್ ಕರ್ನಿ ಡಬಲ್ ಬೇಸ್, ಮೈಕ್ ಕ್ಯಾಲಬ್ರೀಸ್ ಡ್ರಮ್ಸ್. ಕಲಿತದ್ದು ಜಾಝ್, ಹಾಡಿದ್ದು ಪಾಪ್. ಅವರ ಕಥೆ ದಾರಿಯುದ್ದಕ್ಕೂ ಬರುತ್ತದೆ.

ಹೆಜ್ಜೆ 1: ಜನರನ್ನು ಆರಿಸಿ

ಮೂರು ಅಥವಾ ನಾಲ್ಕು ಜನ ಸಾಕು. ಇದಕ್ಕಿಂತ ಜಾಸ್ತಿ ಆದರೆ ಎಲ್ಲರಿಗೂ ಬಿಡುವಿರುವ ಒಂದು ಸಂಜೆ ಸಿಗುವುದೇ ಕಷ್ಟ. ಸ್ನಾರ್ಕಿ ಪಪ್ಪಿ ಅನ್ನುವ ಬ್ಯಾಂಡ್ ಟೆಕ್ಸಸ್ಸಿನ ಒಂದು ವಿಶ್ವವಿದ್ಯಾಲಯದ ಜಾಝ್ ವಿಭಾಗದಲ್ಲಿ ಹತ್ತು ವಿದ್ಯಾರ್ಥಿಗಳಿಂದ ಶುರುವಾಯಿತು, ನಿಜ. ಅವರೆಲ್ಲ ಒಂದೇ ಕ್ಯಾಂಪಸ್ಸಿನಲ್ಲಿದ್ದರು. ಬೆಂಗಳೂರಿನಲ್ಲಿ ಒಬ್ಬರು ಕೆಂಗೇರಿ, ಇನ್ನೊಬ್ಬರು ವೈಟ್‌ಫೀಲ್ಡ್ ಆದರೆ ಹತ್ತು ಜನರ ಮಾತು ಬಿಡಿ, ಇಬ್ಬರು ಸೇರುವುದೇ ಸಾಹಸ.

ಕ್ಲಾಸಿನಲ್ಲಿ ಎಲ್ಲರಿಗಿಂತ ಚೆನ್ನಾಗಿ ನುಡಿಸುವವರನ್ನೇ ಹುಡುಕಬೇಡಿ. ಹೊತ್ತಿಗೆ ಸರಿಯಾಗಿ ಬರುವವರು ಯಾರು? ತಮ್ಮದೇ ರೆಕಾರ್ಡಿಂಗನ್ನು ಕೂತು ಕೇಳಿಸಿಕೊಳ್ಳುವವರು ಯಾರು? "ಇಲ್ಲಿ ನಾನು ಸುಮ್ನಿರ್ತೀನಿ, ನೀನು ನುಡಿಸು" ಅನ್ನುವವರು ಯಾರು? ಅವರನ್ನು ಕರೆಯಿರಿ.

ಮೂರು ಸಲ ಜ್ಯಾಮ್ ಮಾಡುವವರೆಗೆ, ಅಂದರೆ ಒಟ್ಟಿಗೆ ಸೇರಿ ನುಡಿಸಿ ನೋಡುವವರೆಗೆ, "ಬ್ಯಾಂಡ್" ಅನ್ನುವ ಪದವನ್ನೇ ಬಳಸಬೇಡಿ. ಹೊಂದದಿದ್ದರೆ ಯಾರಿಗೂ ಬೇಜಾರಾಗದಂತೆ ಬಿಡಬಹುದು. ಯಾವ ಶೈಲಿ ಅಂತಲೂ ಆಗಲೇ ತೀರ್ಮಾನ ಮಾಡಬೇಡಿ. ಲೇಕ್ ಸ್ಟ್ರೀಟ್ ಡೈವ್ ಶುರುವಾದಾಗ ಕಂಟ್ರಿ ಅನ್ನುವ ಅಮೆರಿಕದ ಹಳ್ಳಿಗಾಡಿನ ಸಂಗೀತವನ್ನು ಮನೋಧರ್ಮದಿಂದ, ಅಂದರೆ ಆ ಕ್ಷಣಕ್ಕೆ ಹೊಳೆದ ಹಾಗೆ, ಚೌಕಟ್ಟೇ ಇಲ್ಲದೆ ನುಡಿಸುವ ಯೋಚನೆ ಇತ್ತು. ಕೇಳಲು ಚೆನ್ನಾಗಿಲ್ಲ ಅಂತ ಅವರೇ ಅದನ್ನು ಕೈಬಿಟ್ಟರು.

ಒಂದು ಕ್ಲಾಸಿನಲ್ಲಿ ಐದು ಜನ ಗಿಟಾರಿನವರು, ಇಬ್ಬರು ಕೀಬೋರ್ಡಿನವರು ಇರುತ್ತಾರೆ, ಬೇಸ್ ನುಡಿಸುವವರು ಒಬ್ಬರೂ ಇರುವುದಿಲ್ಲ. ಯಾರಾದರೂ ಒಬ್ಬರು ಬದಲಾಗಬೇಕು. ನಮ್ಮಲ್ಲಿ ನಾನು ಬದಲಾದೆ. ಮೊದಲ ಒಂದು ತಿಂಗಳು ಕಾರ್ಡಿನ (ಒಟ್ಟಿಗೆ ನುಡಿಸುವ ಸ್ವರಗಳ ಗುಂಪಿನ) ಮೂಲ ಸ್ವರವನ್ನಷ್ಟೇ ನುಡಿಸಿದರೂ ಹಾಡು ನಿಲ್ಲುತ್ತದೆ. ಡ್ರಮ್ ಸೆಟ್ ಇಡಲು ಮನೆಯಲ್ಲಿ ಜಾಗ ಇಲ್ಲದಿದ್ದರೆ ಕಹೋನ್ ಅನ್ನುವ ಮರದ ಪೆಟ್ಟಿಗೆಯ ತಾಳವಾದ್ಯ ಒಂದನ್ನು ಇಟ್ಟುಕೊಳ್ಳಿ. ಅದರ ಮೇಲೇ ಕೂತು ಬಾರಿಸಬಹುದು, ಆಟೋದಲ್ಲೂ ಒಯ್ಯಬಹುದು.

ಹೆಜ್ಜೆ 2: ಮಾತಾಡಿ, ಬರೆದಿಡಿ

ಒಂದು ಸಂಜೆ ವಾದ್ಯ ತರದೆ ಸೇರಿ. ಕಾಫಿ ಕುಡಿಯುತ್ತಾ ಮೂರು ವಿಷಯ ಮಾತಾಡಿ. ವಾರಕ್ಕೆ ಎಷ್ಟು ಗಂಟೆ ಕೊಡಬಹುದು? ಕೋರ್ಸ್ ಮುಗಿದ ಮೇಲೆ ಏನು ಯೋಚನೆ, ಅಂದರೆ ಕೆಲಸವೋ, ಹೊರದೇಶವೋ, ಮತ್ತೆ ಓದೋ? ತಿಂಗಳಿಗೆ ಎಷ್ಟು ದುಡ್ಡು ಹಾಕಬಹುದು? ಮನೆಯ ಪರಿಸ್ಥಿತಿ ಒಬ್ಬೊಬ್ಬರದ್ದು ಒಂದೊಂದು ಥರ. ಐನೂರು ಕೊಡಲು ಕಷ್ಟಪಡುವ ಗೆಳೆಯ ಅದನ್ನು ಬಾಯಿಬಿಟ್ಟು ಹೇಳುವುದಿಲ್ಲ, ನಿಧಾನಕ್ಕೆ ಜ್ಯಾಮಿಗೆ ಬರುವುದನ್ನು ನಿಲ್ಲಿಸುತ್ತಾನೆ. ಅದಕ್ಕೇ ಅತಿ ಕಡಿಮೆ ಕೊಡಬಲ್ಲವರ ಮೊತ್ತವನ್ನೇ ಎಲ್ಲರದ್ದೂ ಮಾಡಿ.

ದುಡ್ಡು ಒಬ್ಬರ ಖಾತೆಗೆ ಬರಲಿ, ಲೆಕ್ಕ ಇನ್ನೊಬ್ಬರು ಬರೆಯಲಿ. ಆಂಪ್ಲಿಫೈಯರ್, ಮೈಕ್ ಮುಂತಾದವನ್ನು ಎಲ್ಲರೂ ಸೇರಿ ಕೊಳ್ಳಬೇಡಿ. ಬ್ಯಾಂಡ್ ನಿಂತರೆ ಆಂಪ್ಲಿಫೈಯರನ್ನು ಐದು ಪಾಲು ಮಾಡಲು ಆಗುವುದಿಲ್ಲ, ಅಲ್ವಾ? ಒಂದೊಂದು ವಸ್ತುವನ್ನು ಒಬ್ಬೊಬ್ಬರು ಕೊಂಡು ತಮ್ಮ ಹೆಸರಲ್ಲೇ ಇಟ್ಟುಕೊಳ್ಳಲಿ. ಒಟ್ಟು ಹಣ ಜ್ಯಾಮ್ ಬಾಡಿಗೆಗೆ, ರೆಕಾರ್ಡಿಂಗಿಗೆ ಹೋಗಲಿ.

ಹೆಸರಿನ ಬಗ್ಗೆ ಒಂದು ಮಾತು. ಲೇಕ್ ಸ್ಟ್ರೀಟ್ ಅನ್ನುವುದು ಓಲ್ಸನ್ನನ ಊರಾದ ಮಿನಿಯಾಪೊಲಿಸ್ಸಿನ ಒಂದು ರಸ್ತೆ, ಅಗ್ಗದ ಬಾರುಗಳಿರುವ ರಸ್ತೆ. ಅಂಥ ಬಾರನ್ನು ಅಲ್ಲಿ ಡೈವ್ ಅನ್ನುತ್ತಾರೆ. ಹೆಸರು ಅಷ್ಟು ಸರಳವಾಗಿರಬಹುದು. ಕನ್ನಡ ಹೆಸರಿಟ್ಟರೆ ಇಂಗ್ಲಿಷ್ ಅಕ್ಷರದಲ್ಲಿ ಹೇಗೆ ಬರೆಯುತ್ತೀರಿ ಅನ್ನುವುದನ್ನು ಮೊದಲ ದಿನವೇ ತೀರ್ಮಾನಿಸಿ. "ಹಾಡು" ಅನ್ನುವುದನ್ನು ಒಂದು "ಎ" ಹಾಕಿ ಬರೆಯುವವರಿದ್ದಾರೆ, ಎರಡು ಹಾಕುವವರೂ ಇದ್ದಾರೆ. ಯೂಟ್ಯೂಬಿನಲ್ಲಿ ಒಂದು, ಸ್ಪಾಟಿಫೈಯಲ್ಲಿ ಇನ್ನೊಂದು ಆದರೆ ಹುಡುಕಿದವರಿಗೆ ನೀವು ಸಿಗುವುದಿಲ್ಲ. ಅದೇ ಹೆಸರಿನ ಬೇರೆ ಬ್ಯಾಂಡ್ ಇದೆಯಾ ನೋಡಿ. ಟ್ರೇಡ್‌ಮಾರ್ಕ್ ಇಲಾಖೆಯ ವೆಬ್‌ಸೈಟಿನಲ್ಲಿ ಉಚಿತವಾಗಿ ಹುಡುಕಬಹುದು. ಮನರಂಜನೆ 41ನೇ ವರ್ಗದಲ್ಲಿ ಬರುತ್ತದೆ.

ಹೆಜ್ಜೆ 3: ಜ್ಯಾಮ್

ಗಂಟೆ ಲೆಕ್ಕದಲ್ಲಿ ಬಾಡಿಗೆಗೆ ಸಿಗುವ ಜ್ಯಾಮ್ ಪ್ಯಾಡ್, ಅಂದರೆ ಅಭ್ಯಾಸದ ಕೋಣೆ, ಒಳ್ಳೆಯದು. ಎರಡು ಗಂಟೆ ಹಿಡಿದರೆ ಇಪ್ಪತ್ತು ನಿಮಿಷ ತಂತಿ ಸಿಕ್ಕಿಸುವುದರಲ್ಲೇ ಹೋಗುತ್ತದೆ ಅನ್ನುವುದು ನೆನಪಿರಲಿ. ಯಾವ ಎರಡು ಹಾಡು, ಯಾವ ಭಾಗ ಅಂತ ಹಿಂದಿನ ದಿನವೇ ಗುಂಪಿಗೆ ಮೆಸೇಜ್ ಹಾಕಿ. ನಿಮ್ಮ ನಿಮ್ಮ ಭಾಗವನ್ನು ಮನೆಯಲ್ಲೇ ಕಲಿತು ಬನ್ನಿ. ಬಾಡಿಗೆ ಕೊಟ್ಟ ಕೋಣೆಯಲ್ಲಿ ಕಾರ್ಡ್ ಕಲಿಯುತ್ತಾ ಕೂರುವುದು ಎಲ್ಲರ ದುಡ್ಡನ್ನೂ ಹಾಳುಮಾಡಿದಂತೆ. ಫೋನನ್ನು ಕೋಣೆಯ ಮೂಲೆಯಲ್ಲಿಟ್ಟು ಪೂರ್ತಿ ರೆಕಾರ್ಡ್ ಮಾಡಿ, ವಾಪಸ್ ಹೋಗುವಾಗ ಬಸ್ಸಿನಲ್ಲಿ ಕೇಳಿ. ನನಗೆ ನನ್ನ ತಪ್ಪುಗಳು ಗೊತ್ತಾದದ್ದು ಬಸ್ಸಿನಲ್ಲೇ.

ಮನೆಯಲ್ಲಿ ನುಡಿಸುವುದಾದರೆ ಪಕ್ಕದ ಮನೆಯವರಿಗೆ ಮೊದಲೇ ಹೇಳಿ. ರಾತ್ರಿ 10ರಿಂದ ಬೆಳಗ್ಗೆ 6ರವರೆಗೆ ಧ್ವನಿವರ್ಧಕ ಬಳಸುವಂತಿಲ್ಲ ಅಂತ 2000ನೇ ಇಸವಿಯ ಶಬ್ದಮಾಲಿನ್ಯ ನಿಯಮ ಹೇಳುತ್ತದೆ. ಹೊರಗಿನ ಕಾರ್ಯಕ್ರಮಕ್ಕೂ ಇದೇ ನಿಯಮ.

ಕಿವಿಯ ಬಗ್ಗೆ ದಯವಿಟ್ಟು ಕೇಳಿ. 85 ಡೆಸಿಬೆಲ್ ಸದ್ದನ್ನು ದಿನಕ್ಕೆ ಎಂಟು ಗಂಟೆ ತಡೆಯಬಹುದು ಅನ್ನುವುದು ಒಪ್ಪಿಕೊಂಡ ಲೆಕ್ಕ. ಪ್ರತಿ 3 ಡೆಸಿಬೆಲ್ ಏರಿದರೆ ಆ ಹೊತ್ತು ಅರ್ಧಕ್ಕೆ ಇಳಿಯುತ್ತದೆ. ಹಾಗೆ ಲೆಕ್ಕ ಹಾಕಿದರೆ 100 ಡೆಸಿಬೆಲ್‌ಗೆ ಬರೀ ಹದಿನೈದು ನಿಮಿಷ. ಚಿಕ್ಕ ಕೋಣೆಯಲ್ಲಿ ಡ್ರಮ್ ಸೆಟ್ಟಿನ ಪಕ್ಕ ನಿಂತರೆ ಇಷ್ಟು ಸದ್ದು ಸುಲಭವಾಗಿ ಆಗುತ್ತದೆ. ಮೆಡಿಕಲ್ ಶಾಪಿನಲ್ಲಿ ಸಿಗುವ ಸ್ಪಂಜಿನ ಇಯರ್ ಪ್ಲಗ್ ಹಾಕಿಕೊಳ್ಳಿ. ಜ್ಯಾಮ್ ಮುಗಿದ ಮೇಲೆ ಕಿವಿ ಗುಂಯ್ ಅಂದರೆ ಅದು ಎಚ್ಚರಿಕೆ.

ಹೆಜ್ಜೆ 4: ಶ್ರುತಿ ಹೊಂದಿಸಿ, ಜಾಗ ಬಿಡಿ

ಹಾಡುವವರ ಗಂಟಲಿಗೆ ಶ್ರುತಿ ಹೊಂದಬೇಕು, ಗಿಟಾರಿನವರ ಬೆರಳಿಗಲ್ಲ. ಕರ್ನಾಟಕ ಸಂಗೀತ ಕಲಿತ ಹುಡುಗಿಯೊಬ್ಬಳ ಶ್ರುತಿ ಐದೂವರೆ ಇದ್ದರೆ ಅದು ಪಾಶ್ಚಾತ್ಯ ಲೆಕ್ಕದಲ್ಲಿ ಜಿ ಶಾರ್ಪ್. ಗಿಟಾರಿನವರು ಮೊದಲ ಪಟ್ಟಿಯ ಮೇಲೆ ಕ್ಯಾಪೊ (ತಂತಿಗಳನ್ನೆಲ್ಲ ಒತ್ತಿ ಹಿಡಿಯುವ ಕ್ಲಿಪ್ಪು) ಹಾಕಿ ಜಿ ಕಾರ್ಡುಗಳನ್ನೇ ಹಿಡಿದರೆ ಸಾಕು. ಸಣ್ಣ ವಿಷಯ. ಆದರೂ ಇದನ್ನು ಮಾಡದೆ ಗಾಯಕಿಯನ್ನು ಇಡೀ ವರ್ಷ ತಪ್ಪು ಶ್ರುತಿಯಲ್ಲಿ ಹಾಡಿಸಿದ ಬ್ಯಾಂಡುಗಳನ್ನು ನೋಡಿದ್ದೇನೆ.

ಇನ್ನು ರಾಗ ಮತ್ತು ಕಾರ್ಡು. ನಮ್ಮ ಕಡೆಯ ಬ್ಯಾಂಡುಗಳಿಗೆ ತೊಡಕೂ ಇಲ್ಲೇ, ಚೆಲುವೂ ಇಲ್ಲೇ. ಮೋಹನವನ್ನು ತೆಗೆದುಕೊಳ್ಳಿ: ಸ, ರಿ, ಗ, ಪ, ದ. ಈ ಐದು ಸ್ವರಗಳಲ್ಲಿ ಪೂರ್ತಿಯಾಗಿ ಸಿಗುವ ಸಾಮಾನ್ಯ ಕಾರ್ಡು ಎರಡೇ. ಷಡ್ಜದ ಮೇಲೆ ಮೇಜರ್, ಧೈವತದ ಮೇಲೆ ಮೈನರ್. ಸಿ ಶ್ರುತಿಯಾದರೆ ಸಿ ಮೇಜರ್ ಮತ್ತು ಎ ಮೈನರ್. ಎಫ್ ಅಥವಾ ಜಿ ಮೇಜರ್ ನುಡಿಸಿದ ಕೂಡಲೇ ರಾಗದಲ್ಲಿಲ್ಲದ ಮಧ್ಯಮವೋ ನಿಷಾದವೋ ಒಳಗೆ ಬರುತ್ತದೆ. ಅದು ತಪ್ಪು ಅಂತ ನಾನು ಹೇಳುವುದಿಲ್ಲ. ಪಾಪ್ ಹಾಡಿನಲ್ಲಿ ಅದರಿಂದ ಒಳ್ಳೆಯ ತಿರುವೂ ಸಿಗಬಹುದು. ಆದರೆ ಗೊತ್ತಿದ್ದು ಮಾಡಿ. ಕಾರ್ಡಿನ ನಡುವಿನ ಸ್ವರವನ್ನು ಬಿಟ್ಟು, ಮೂಲ ಸ್ವರ ಮತ್ತು ಅದರ ಪಂಚಮ ಎರಡನ್ನೇ ನುಡಿಸಿದರೆ ಜಿ ಕೂಡ ರಾಗದೊಳಗೇ ಉಳಿಯುತ್ತದೆ.

ಗಾಯಕಿ ಗಮಕ ಹಾಕುವ, ಅಂದರೆ ಸ್ವರವನ್ನು ಓಲಾಡಿಸುವ ಜಾಗದಲ್ಲಿ ಕೀಬೋರ್ಡಿನವರು ಕಾರ್ಡು ಬದಲಿಸಬಾರದು. ಕೀಬೋರ್ಡಿನ ಗಾಂಧಾರ ಒಂದೇ ಕಡೆ ನಿಂತಿರುತ್ತದೆ, ಗಂಟಲಿನ ಗಾಂಧಾರ ಓಲಾಡುತ್ತಿರುತ್ತದೆ. ಎರಡೂ ಡಿಕ್ಕಿ ಹೊಡೆದರೆ ಕೇಳುವವರಿಗೆ ಗಾಯಕಿಯೇ ಅಪಶ್ರುತಿ ಅನಿಸುತ್ತದೆ, ಪಾಪ. ಸಾಲಿನ ಕೊನೆಯಲ್ಲಿ ದನಿ ನಿಂತಾಗ ಕಾರ್ಡು ಬದಲಿಸಿ.

ಜಾಗ ಬಿಡುವುದನ್ನು ಕಲಿಯಲು ನಾನು ಮಾಡಿಸುವ ಅಭ್ಯಾಸ ಇದು. ಹಾಡನ್ನು ನಾಲ್ಕು ಸಲ ನುಡಿಸಿ, ಪ್ರತಿ ಸಲ ಒಬ್ಬರು ಸುಮ್ಮನಿರಿ. ಯಾರು ಸುಮ್ಮನಿದ್ದಾಗ ಹಾಡು ಇನ್ನೂ ಚೆನ್ನಾಗಿ ಕೇಳಿಸಿತೋ ಅವರು ಆ ಭಾಗದಲ್ಲಿ ಕಡಿಮೆ ನುಡಿಸಬೇಕು. ಕೀಬೋರ್ಡಿನವರ ಎಡಗೈ ಮತ್ತು ಬೇಸ್ ಗಿಟಾರ್ ಒಂದೇ ಜಾಗಕ್ಕೆ ಜಗಳ ಆಡುತ್ತವೆ. ಅಲ್ಲಿ ಎಡಗೈ ಜೇಬಿನಲ್ಲಿರಲಿ. ಒಂದು ಚರಣದಲ್ಲಿ ದನಿ ಮತ್ತು ಬೇಸ್ ಮಾತ್ರ ಬಿಟ್ಟು ನೋಡಿ. ಸಂಗೀತ ಶಾಲೆಯಲ್ಲಿ ಕಲಿತವರಿಗೆ ಇದು ಮೊದಮೊದಲು ಬಹಳ ನೋವು ಕೊಡುತ್ತದೆ. ವರ್ಷಗಟ್ಟಲೆ ಬೆವರು ಸುರಿಸಿ ಕಲಿತದ್ದನ್ನು ತೋರಿಸದೆ ನಿಲ್ಲುವುದು ಸುಲಭ ಅಲ್ಲ. ಮೂರನೇ ಜ್ಯಾಮಿನಲ್ಲಿ ಹಾಡು ಉಸಿರಾಡುವುದನ್ನು ಕೇಳಿದಾಗ ಎಲ್ಲರ ಮುಖವೂ ಅರಳುತ್ತದೆ.

ಹೆಜ್ಜೆ 5: ಕನ್ನಡದಲ್ಲಿ ಬರೆಯುವುದು

ಕವರ್ ಹಾಡಿನಿಂದ, ಅಂದರೆ ಬೇರೆಯವರ ಹಾಡಿನಿಂದ ಶುರುಮಾಡಿ, ಆದರೆ ಅಲ್ಲೇ ಉಳಿಯಬೇಡಿ. ಬ್ಯಾಂಡಿನವರು ಓಸಿ ಅನ್ನುತ್ತಾರಲ್ಲ, ಸ್ವಂತ ಹಾಡು, ಅದು ಮೂರು ತಿಂಗಳೊಳಗೆ ಒಂದಾದರೂ ಇರಲಿ.

ಇಂಗ್ಲಿಷ್ ಪಾಪ್ ಕೇಳಿ ಬೆಳೆದವರು ಕನ್ನಡದಲ್ಲಿ ಬರೆಯುವಾಗ ಮೊದಲು ಎಡವುವುದು ಹ್ರಸ್ವ ದೀರ್ಘದಲ್ಲಿ. "ನಡು" ಅಂತ ಬರೆದು ಮೊದಲ ಅಕ್ಷರವನ್ನು ಎಳೆದರೆ "ನಾಡು" ಆಗುತ್ತದೆ. "ಬಳೆ" ಎಳೆದರೆ "ಬಾಳೆ". "ಕಡು" ಎಳೆದರೆ "ಕಾಡು". ಅದಕ್ಕೇ ಉದ್ದದ ಸ್ವರ ಬರುವ ಜಾಗಕ್ಕೆ ದೀರ್ಘಾಕ್ಷರವನ್ನೋ ಪದದ ಕೊನೆಯ ಅಕ್ಷರವನ್ನೋ ಕೂರಿಸಿ. ಮೊದಲು ಟ್ಯೂನು ಮಾಡಿ ಆಮೇಲೆ ಬರೆಯುವುದಾದರೆ ಟ್ಯೂನನ್ನು "ಲ ಲಾ ಲ ಲಾ" ಅಂತ ಬರೆದುಕೊಳ್ಳಿ. ಯಾವುದು ಗುರು, ಯಾವುದು ಲಘು ಅನ್ನುವುದು ಕಣ್ಣಿಗೆ ಕಾಣುತ್ತದೆ. ಹೈಸ್ಕೂಲಿನಲ್ಲಿ ಪ್ರಸ್ತಾರ ಹಾಕಿದ್ದು ಕೊನೆಗೂ ಕೆಲಸಕ್ಕೆ ಬರುತ್ತದೆ.

ಮೇಲಿನ ಸ್ವರದಲ್ಲಿ "ಇ", "ಉ" ಇದ್ದರೆ ಗಂಟಲು ಬಿಗಿಯುತ್ತದೆ. "ಆ", "ಓ" ಇದ್ದರೆ ದನಿ ತೆರೆದುಕೊಳ್ಳುತ್ತದೆ. ಹಾಡಿನ ಎತ್ತರದ ಜಾಗಕ್ಕೆ "ಬಾ", "ಹೋಗೋಣ" ಥರದ ಪದ ಹುಡುಕಿ.

ಪ್ರಾಸಕ್ಕೆ ಸಾಲಿನ ಕೊನೆಯನ್ನೇ ನೋಡಬೇಕಿಲ್ಲ. ನಮ್ಮ ಹಳೆಯ ಕವಿಗಳು ಪ್ರತಿ ಸಾಲಿನ ಎರಡನೇ ಅಕ್ಷರದಲ್ಲಿ ಪ್ರಾಸ ಇಡುತ್ತಿದ್ದರು. ಒಂದು ಚರಣದಲ್ಲಿ ಮಾಡಿ ನೋಡಿ, ಡ್ರಮ್ಮಿನ ಏಟು ಆ ಅಕ್ಷರದ ಮೇಲೆ ಬಿದ್ದರೆ ಮಜಾ ಇರುತ್ತದೆ. ಇನ್ನೊಂದು. ಕುಮಾರವ್ಯಾಸನ ಭಾಮಿನಿ ಷಟ್ಪದಿ ಮೂರು, ನಾಲ್ಕು, ಮೂರು, ನಾಲ್ಕು ಮಾತ್ರೆಯಲ್ಲಿ ನಡೆಯುತ್ತದೆ. ಕೂಡಿದರೆ ಏಳು, ಅಂದರೆ ಮಿಶ್ರ ನಡೆ. ಪಾಶ್ಚಾತ್ಯ ಸಂಗೀತದ ಮಕ್ಕಳು ಏಳರ ತಾಳ ಕಷ್ಟ ಅಂತ ಹೆದರುತ್ತಾರೆ. ಕಾವ್ಯವನ್ನು ರಾಗವಾಗಿ ಓದುವ ಗಮಕ ವಾಚನ ಕೇಳಿ ಬೆಳೆದವರಿಗೆ ಅದು ಮನೆಯದೇ ನಡಿಗೆ.

ನಿಮ್ಮ ಮನೆಯ ಕನ್ನಡದಲ್ಲೇ ಬರೆಯಿರಿ. ಧಾರವಾಡದವರು ಧಾರವಾಡದ ಹಾಗೆ, ಕುಂದಾಪುರದವರು ಕುಂದಾಪುರದ ಹಾಗೆ. ಸಿನಿಮಾ ಹಾಡಿನ ಭಾಷೆಯನ್ನು ನಕಲು ಮಾಡಿದರೆ ನೂರರಲ್ಲಿ ಒಬ್ಬರಾಗುತ್ತೀರಿ.

ಹೆಜ್ಜೆ 6: ಕವಿತೆ ಎತ್ತಿಕೊಳ್ಳುವ ಮುಂಚೆ

ಸ್ವಂತ ಸಾಲು ಬರದಿದ್ದಾಗ ಕವಿತೆಗೆ ರಾಗ ಹಾಕುವುದು ನಮ್ಮಲ್ಲಿ ಹಳೆಯ ದಾರಿ. ಒಳ್ಳೆಯ ದಾರಿಯೂ ಹೌದು. ರಘು ದೀಕ್ಷಿತ್ ಶಿಶುನಾಳ ಷರೀಫರ ಪದಗಳನ್ನು ಗಿಟಾರಿನ ಜೊತೆ ಹಾಡಿ ದೇಶದಾಚೆಗೂ ಒಯ್ದರು. ಆದರೆ ಯಾರ ಕವಿತೆ ಅನ್ನುವುದು ಮುಖ್ಯ. ಭಾರತದ ಕಾನೂನಿನಲ್ಲಿ ಬರೆದವರು ತೀರಿಕೊಂಡ ಮೇಲೆ 60 ವರ್ಷ ಹಕ್ಕು ಅವರ ವಾರಸುದಾರರದ್ದು. ತೀರಿಕೊಂಡ ಮರುವರ್ಷದಿಂದ ಲೆಕ್ಕ. ಷರೀಫರು 1889ರಲ್ಲಿ ತೀರಿಕೊಂಡವರು, ಅವರ ಪದ ಎಲ್ಲರದ್ದು. ವಚನ, ದಾಸರ ಪದಗಳೂ ಹಾಗೇ. ಬೇಂದ್ರೆಯವರು ಹೋದದ್ದು 1981ರಲ್ಲಿ, ಹಾಗಾಗಿ 2041ರ ಕೊನೆಯವರೆಗೆ ಅನುಮತಿ ಬೇಕು. ಕುವೆಂಪು ಅವರದ್ದು 1994, ಅಂದರೆ 2054ರವರೆಗೆ. ಕೆ.ಎಸ್. ನರಸಿಂಹಸ್ವಾಮಿಯವರದ್ದು 2003, ಅಂದರೆ 2063ರವರೆಗೆ.

ಇಲ್ಲಿ ಬಹಳ ಜನ ಜಾರುವ ಜಾಗ ಒಂದಿದೆ. ಪದ ಷರೀಫರದ್ದಾದರೂ ನಾವು ಗುನುಗುವ ಧಾಟಿ ಎಷ್ಟೋ ಸಲ ಸಿ. ಅಶ್ವತ್ಥ್ ಅವರು ಮಾಡಿದ್ದು. ಅವರು ತೀರಿಕೊಂಡದ್ದು 2009ರಲ್ಲಿ. ಧಾಟಿಗೆ ಬೇರೆ ಹಕ್ಕು, ಅದನ್ನು ರೆಕಾರ್ಡ್ ಮಾಡಿದ ಕಂಪನಿಗೆ ಇನ್ನೂ ಬೇರೆ ಹಕ್ಕು. ಆದ್ದರಿಂದ ಪದ ತೆಗೆದುಕೊಳ್ಳಿ, ಧಾಟಿ ನೀವೇ ಮಾಡಿ. ಹಕ್ಕು ಉಳಿದಿರುವ ಕವಿಯಾದರೆ ಮನೆಯವರಿಗೋ ಪ್ರಕಾಶಕರಿಗೋ ಪತ್ರ ಬರೆದು, ಬರಹದಲ್ಲೇ ಒಪ್ಪಿಗೆ ತೆಗೆದುಕೊಳ್ಳಿ. ಫೋನಿನಲ್ಲಿ "ಆಯ್ತಪ್ಪ, ಹಾಡಿ" ಅಂದದ್ದು ಮುಂದೆ ಯಾರಿಗೂ ನೆನಪಿರುವುದಿಲ್ಲ.

ಹೆಜ್ಜೆ 7: ಹಾಡು ಯಾರದ್ದು?

ನಮ್ಮ ಬ್ಯಾಂಡ್ ಮುರಿದದ್ದು ಇಲ್ಲಿ. ಒಬ್ಬಳು ಸಾಹಿತ್ಯ ಬರೆದಿದ್ದಳು, ಒಬ್ಬ ಪಲ್ಲವಿಯ ಧಾಟಿ ಮಾಡಿದ್ದ, ಚರಣ ಜ್ಯಾಮಿನಲ್ಲಿ ಎಲ್ಲರೂ ಸೇರಿ ಹುಟ್ಟಿಸಿದ್ದು, ನಡುವಿನ ಗಿಟಾರ್ ತುಣುಕು ಇನ್ನೊಬ್ಬನದ್ದು. ಜನ ಗುನುಗುತ್ತಿದ್ದದ್ದು ಆ ಗಿಟಾರ್ ತುಣುಕನ್ನೇ. ಒಂದು ಕಿರುಚಿತ್ರದವರು ಹಾಡನ್ನು ಕೇಳಿಕೊಂಡು ಬಂದಾಗ ಪೋಸ್ಟರಿನಲ್ಲಿ ಯಾರ ಹೆಸರು ಅಂತ ಮಾತು ಬಂತು. ಒಂದು ವಾರದಲ್ಲಿ ಎಲ್ಲ ಮುಗಿದಿತ್ತು. ಆ ಹಾಡು ಇವತ್ತಿಗೂ ಬಿಡುಗಡೆ ಆಗಿಲ್ಲ. ನೆನಪಾದಾಗ ಈಗಲೂ ಸಂಕಟ ಆಗುತ್ತದೆ.

ಕಾನೂನಿನಲ್ಲಿ ಸಾಹಿತ್ಯಕ್ಕೆ ಒಂದು ಹಕ್ಕು, ಧಾಟಿಗೆ ಒಂದು, ರೆಕಾರ್ಡಿಂಗಿಗೆ ಒಂದು. ಹಾಡು ಪೂರ್ತಿಯಾದ ದಿನವೇ ಒಂದು ಹಾಳೆಯಲ್ಲಿ ಬರೆಯಿರಿ: ಹಾಡಿನ ಹೆಸರು, ತಾರೀಖು, ಸಾಹಿತ್ಯದಲ್ಲಿ ಯಾರಿಗೆ ಎಷ್ಟು ಪಾಲು, ಧಾಟಿಯಲ್ಲಿ ಎಷ್ಟು, ರೆಕಾರ್ಡಿಂಗಿನಲ್ಲಿ ಎಷ್ಟು. ಎಲ್ಲರೂ ಸಹಿ ಹಾಕಿ, ಫೋಟೋ ತೆಗೆದು ಗುಂಪಿಗೆ ಕಳಿಸಿ. ಹತ್ತು ನಿಮಿಷದ ಕೆಲಸ.

ಪಾಲು ಹೇಗೆ ಹಾಕುವುದು? ಮೊದಲ ಹತ್ತು ಹಾಡುಗಳಿಗೆ ಎಲ್ಲರಿಗೂ ಸಮಪಾಲು ಅನ್ನುವುದು ನನ್ನ ಸಲಹೆ. ಯಾರ ತುಣುಕು ಎಷ್ಟು ಅಂತ ಅಳೆಯಲು ಹೋದರೆ ಜ್ಯಾಮಿನಲ್ಲಿ ಪ್ರತಿಯೊಬ್ಬರೂ ತಮ್ಮ ತುಣುಕನ್ನೇ ತುರುಕಲು ನೋಡುತ್ತಾರೆ. ಸಾಹಿತ್ಯ ಒಬ್ಬರೇ ಬರೆಯುತ್ತಿದ್ದರೆ ಅದು ಅವರದ್ದೇ ಇರಲಿ, ಅದರಲ್ಲಿ ಗೊಂದಲ ಇಲ್ಲ. ಲೇಕ್ ಸ್ಟ್ರೀಟ್ ಡೈವ್‌ನಲ್ಲಿ ಹಾಡುವವರು ಮಾತ್ರವಲ್ಲ, ಬೇಸ್, ಡ್ರಮ್ಸ್, ಟ್ರಂಪೆಟ್ಟಿನವರೂ ಹಾಡು ಬರೆಯುತ್ತಿದ್ದರು. 2005ರಲ್ಲಿ ಕರ್ನಿಗೆ ಒಂದು ಹಾಡು ಬರೆಯುವ ಸ್ಪರ್ಧೆಯಲ್ಲಿ ಬಂದ ಬಹುಮಾನದ ಹಣದಿಂದಲೇ ಬ್ಯಾಂಡಿನ ಮೊದಲ ಆಲ್ಬಂ ಹೊರಬಂತು.

ಸಾಹಿತ್ಯ ಬರೆದವರು, ಧಾಟಿ ಮಾಡಿದವರು ಐಪಿಆರ್‌ಎಸ್ ಸಂಸ್ಥೆಯ ಸದಸ್ಯರಾಗಿ. 1969ರಿಂದ ಇರುವ ಸಂಸ್ಥೆ ಇದು. ಹಾಡು ರೇಡಿಯೋದಲ್ಲಿ, ವೇದಿಕೆಯಲ್ಲಿ, ಆನ್‌ಲೈನಿನಲ್ಲಿ ಬಳಕೆಯಾದಾಗ ಬರುವ ಗೌರವಧನವನ್ನು ಹಂಚುತ್ತದೆ. ಇನ್ನೊಂದು ಎಚ್ಚರ: ಕಾನೂನಿನ ಕಣ್ಣಲ್ಲಿ ರೆಕಾರ್ಡಿಂಗಿನ ಒಡೆಯರು ಅಂದರೆ ಅದನ್ನು ಮಾಡಿಸುವ ಜವಾಬ್ದಾರಿ ಹೊತ್ತವರು. ಪರಿಚಯದವರು ಯಾರೋ "ನಮ್ಮ ಸ್ಟುಡಿಯೋದಲ್ಲಿ ಫ್ರೀ ಆಗಿ ಮಾಡಿಕೊಡ್ತೀವಿ" ಅಂದರೆ ರೆಕಾರ್ಡಿಂಗ್ ಯಾರದ್ದು ಅಂತ ಬರಹದಲ್ಲಿ ಕೇಳಿ.

ಹೆಜ್ಜೆ 8: ರೆಕಾರ್ಡಿಂಗ್

ಎರಡು ಒಳ ದಾರಿ ಇರುವ ಒಂದು ಆಡಿಯೋ ಇಂಟರ್‌ಫೇಸ್ (ಮೈಕ್, ಗಿಟಾರಿನ ಸದ್ದನ್ನು ಲ್ಯಾಪ್‌ಟಾಪಿಗೆ ಒಯ್ಯುವ ಪೆಟ್ಟಿಗೆ), ಒಂದು ಮೈಕ್, ಹೆಡ್‌ಫೋನ್, ಲ್ಯಾಪ್‌ಟಾಪ್ ಇಷ್ಟಿದ್ದರೆ ಡ್ರಮ್ಸ್ ಬಿಟ್ಟು ಉಳಿದದ್ದೆಲ್ಲ ಮನೆಯಲ್ಲೇ ಆಗುತ್ತದೆ. ಡ್ರಮ್ಸಿಗೆ ಮಾತ್ರ ಸ್ಟುಡಿಯೋದಲ್ಲಿ ಒಂದು ದಿನ ಹಿಡಿದು, ಮೂರು ಹಾಡು ಒಟ್ಟಿಗೆ ಮುಗಿಸಿ. ಮೊದಲು ಮೆಟ್ರೊನೋಮ್ (ಲಯಕ್ಕೆ ಟಿಕ್ ಟಿಕ್ ಅನ್ನುವ ಸಾಧನ) ಜೊತೆ ಗಿಟಾರ್ ಮತ್ತು ಒರಟು ಗಾಯನ ಹಾಕಿಕೊಳ್ಳಿ, ಅದರ ಮೇಲೆ ಒಂದೊಂದೇ ಕಟ್ಟಿ. ರೆಕಾರ್ಡಿಂಗ್ ಸೆಟ್ಟಿಂಗನ್ನು 24 ಬಿಟ್, 48 ಕಿಲೋಹರ್ಟ್ಸ್ ಇಡಿ. ಸದ್ದಿನ ಮುಳ್ಳು ಕೆಂಪಿಗೆ ಹೋಗಬಾರದು, ಜೋರಾದ ಜಾಗದಲ್ಲೂ ಮೈನಸ್ ಆರು ಡೆಸಿಬೆಲ್ ಗುರುತಿನ ಕೆಳಗೇ ಇರಲಿ. ಗಾಯನಕ್ಕೆ ಬಟ್ಟೆ ತುಂಬಿದ ಬೀರುವಿನ ಮುಂದೆ ನಿಂತರೆ ಗೋಡೆಯ ಮಾರ್ದನಿ ಕಡಿಮೆಯಾಗುತ್ತದೆ. ಫ್ಯಾನ್ ಆರಿಸುವುದು ಮರೆಯಬೇಡಿ.

ಪ್ರತಿ ದಿನ ಕೆಲಸ ಮುಗಿದ ಮೇಲೆ ಎರಡು ಬೇರೆ ಕಡೆ ಪ್ರತಿ ಇಡಿ. ಒಂದು ಸ್ಟುಡಿಯೋದಲ್ಲಿ ಹಾರ್ಡ್ ಡಿಸ್ಕ್ ಹಾಳಾಗಿ ನಮ್ಮ ಮೂರು ಹಾಡುಗಳ ಮೂಲ ಟ್ರ್ಯಾಕುಗಳು ಹೋದವು. ಬೇರೆ ಪ್ರತಿ ಇರಲಿಲ್ಲ. ಆ ದನಿ, ಆ ವಯಸ್ಸು ಮತ್ತೆ ಬರುವುದಿಲ್ಲ.

ದುಡ್ಡೇ ಇಲ್ಲದಿದ್ದರೆ? ಎಲ್ಲರೂ ಒಟ್ಟಿಗೆ ನಿಂತು, ಒಂದೇ ಸಲಕ್ಕೆ ನುಡಿಸಿದ ವಿಡಿಯೋ ಮಾಡಿ. 2012ರಲ್ಲಿ ಲೇಕ್ ಸ್ಟ್ರೀಟ್ ಡೈವ್ ಬಾಸ್ಟನ್ನಿನ ಬ್ರೈಟನ್ ಬಡಾವಣೆಯ ರಸ್ತೆ ಮೂಲೆಯಲ್ಲಿ ನಿಂತು ಜಾಕ್ಸನ್ 5 ತಂಡದ ಹಳೆಯ ಹಾಡೊಂದನ್ನು ನಿಧಾನ ಮಾಡಿ ಹಾಡಿತು. ಆ ವಿಡಿಯೋ ಲಕ್ಷಾಂತರ ಜನರನ್ನು ಮುಟ್ಟಿತು. ಬ್ಯಾಂಡ್ ಶುರುವಾಗಿ ಆಗಲೇ ಎಂಟು ವರ್ಷ ಆಗಿತ್ತು ಅನ್ನುವುದನ್ನು ಗಮನಿಸಿ. ಅಷ್ಟು ವರ್ಷ ಒಟ್ಟಿಗೆ ನುಡಿಸಿದ್ದರಿಂದಲೇ ರಸ್ತೆಯಲ್ಲಿ ನಿಂತರೂ ಅಷ್ಟು ಹೊಂದಿಕೆ ಕೇಳಿಸುತ್ತದೆ.

ಹೆಜ್ಜೆ 9: ಬಿಡುಗಡೆ

ಹಾಡುಗಳನ್ನು ಒಂದೊಂದಾಗಿ ಬಿಡಿ. ಡಿಸ್ಟ್ರಿಬ್ಯೂಟರ್ (ಹಾಡನ್ನು ಸ್ಪಾಟಿಫೈಯಂಥ ಕಡೆಗಳಿಗೆ ತಲುಪಿಸುವ ಕಂಪನಿ) ಮೂಲಕ ಕನಿಷ್ಠ ಮೂರು ವಾರ ಮೊದಲೇ ಅಪ್‌ಲೋಡ್ ಮಾಡಿ. ಸ್ಪಾಟಿಫೈ ಪ್ಲೇಲಿಸ್ಟ್ ತಂಡಕ್ಕೆ ಹಾಡನ್ನು ಕಳಿಸಲು ಬಿಡುಗಡೆಗೆ ಏಳು ದಿನವಾದರೂ ಬಾಕಿ ಇರಬೇಕು. ಭಾಷೆ ಅನ್ನುವ ಜಾಗದಲ್ಲಿ ಕನ್ನಡ ಅಂತಲೇ ಹಾಕಿ. ಸಾಹಿತ್ಯವನ್ನು ಕನ್ನಡ ಲಿಪಿಯಲ್ಲಿ ಕೊಡಿ. ಪ್ರತಿ ಹಾಡಿಗೂ ಐಎಸ್‌ಆರ್‌ಸಿ ಅನ್ನುವ ಗುರುತಿನ ಸಂಖ್ಯೆ ಸಿಗುತ್ತದೆ, ಅದನ್ನು ಹಕ್ಕಿನ ಹಾಳೆಯ ಮೇಲೇ ಬರೆದಿಡಿ.

ದುಡ್ಡಿನ ನಿರೀಕ್ಷೆ ಬೇಡ. 2024ರಿಂದ ಸ್ಪಾಟಿಫೈಯಲ್ಲಿ ಒಂದು ಹಾಡು ಹನ್ನೆರಡು ತಿಂಗಳಲ್ಲಿ 1000 ಸಲ ಕೇಳಿಸಿಕೊಳ್ಳದಿದ್ದರೆ ಅದಕ್ಕೆ ಏನೂ ಬರುವುದಿಲ್ಲ. 30 ಸೆಕೆಂಡ್ ಕೇಳಿದರೆ ಮಾತ್ರ ಒಂದು ಸಲ ಅಂತ ಲೆಕ್ಕ. ಅದಕ್ಕೇ ನಲವತ್ತು ಸೆಕೆಂಡಿನ ಆಲಾಪದಿಂದ ಹಾಡು ಶುರುಮಾಡುವ ಮುಂಚೆ ಯೋಚಿಸಿ. ಮಿಷಿಗನ್ ವಿಶ್ವವಿದ್ಯಾಲಯದ ಸಂಗೀತ ವಿದ್ಯಾರ್ಥಿಗಳ ವಲ್ಫ್‌ಪೆಕ್ ಬ್ಯಾಂಡ್ 2014ರಲ್ಲಿ ಸದ್ದೇ ಇಲ್ಲದ ಹತ್ತು ಟ್ರ್ಯಾಕುಗಳ ಆಲ್ಬಂ ಹಾಕಿ, ಮಲಗಿದಾಗ ಇದನ್ನು ಹಾಕಿಕೊಳ್ಳಿ ಅಂತ ಕೇಳುಗರನ್ನು ಕೋರಿತು. ಒಂದೊಂದು ಟ್ರ್ಯಾಕೂ ಅರ್ಧ ನಿಮಿಷದ್ದು. ಸುಮಾರು 20,000 ಡಾಲರ್ ಬಂತು. ಸ್ಪಾಟಿಫೈ ಆಲ್ಬಮನ್ನು ತೆಗೆದುಹಾಕಿತು, ಬ್ಯಾಂಡ್ ಆ ಹಣದಲ್ಲಿ ಟಿಕೆಟ್ ಇಲ್ಲದ ಕಛೇರಿಗಳನ್ನು ಮಾಡಿತು. ಈಗ ಆ ದಾರಿ ಇಲ್ಲ. ಆದರೆ ನೇರವಾಗಿ ಕೇಳುಗರನ್ನೇ ಕೇಳಿದ ಅವರ ಧೈರ್ಯ ನನಗೆ ಇಷ್ಟ. ನಿಮ್ಮ ಮೊದಲ ನೂರು ಕೇಳುಗರನ್ನೂ ಹಾಗೇ ಒಬ್ಬೊಬ್ಬರಿಗೂ ಮೆಸೇಜ್ ಹಾಕಿ ಕರೆಯಬೇಕು.

ಹೆಜ್ಜೆ 10: ವೇದಿಕೆ

ಮೊದಲ ಪ್ರೋಗ್ರಾಮಿಗೆ ಅರ್ಧ ಗಂಟೆ, ಆರು ಹಾಡು ಸಾಕು. ನವೆಂಬರ್ ತಿಂಗಳು ಕನ್ನಡ ಬ್ಯಾಂಡಿಗೆ ಸುಗ್ಗಿ. ಅಪಾರ್ಟ್‌ಮೆಂಟು, ಕಂಪನಿಗಳ ಕನ್ನಡ ಬಳಗ, ಕಾಲೇಜು, ಬಡಾವಣೆಯ ರಾಜ್ಯೋತ್ಸವ ಎಲ್ಲ ಕಡೆ ಹಾಡುವವರು ಬೇಕು. ಆಗಸ್ಟಿನಲ್ಲೇ ಹೋಗಿ ಕೇಳಿ. ಅಲ್ಲಿ ಆರ್ಕೆಸ್ಟ್ರಾ ಕೇಳಿ ಬೆಳೆದ ಜನ ಇರುತ್ತಾರೆ, ಗೊತ್ತಿರುವ ಹಾಡನ್ನು ಕೇಳುತ್ತಾರೆ. ನಾಲ್ಕು ಗೊತ್ತಿರುವ ಹಾಡು, ನಡುವೆ ಎರಡು ಸ್ವಂತದ್ದು. ಸ್ವಂತದ್ದನ್ನು ಕೊನೆಗೆ ಇಡಬೇಡಿ, ಅಷ್ಟೊತ್ತಿಗೆ ಊಟದ ಸಾಲು ಶುರುವಾಗಿರುತ್ತದೆ.

ಒಪ್ಪಿಕೊಂಡ ಕೂಡಲೇ ಒಂದು ಮೆಸೇಜ್ ಕಳಿಸಿ: ತಾರೀಖು, ಎಷ್ಟು ಹೊತ್ತು, ಎಷ್ಟು ಹಣ, ಅರ್ಧ ಅಡ್ವಾನ್ಸ್ ಯಾವಾಗ, ಸೌಂಡ್ ಯಾರದ್ದು, ಎಷ್ಟು ಮೈಕ್, ಊಟ, ಓಡಾಟದ ಖರ್ಚು. ಅದಕ್ಕೆ "ಸರಿ" ಅಂತ ಉತ್ತರ ಬರುವವರೆಗೆ ತಾರೀಖು ಹಿಡಿದಿಡಬೇಡಿ. ನಮಗೆ ಒಂದು ಕಡೆ ಪ್ರೋಗ್ರಾಂ ಮುಗಿದ ಮೇಲೆ "ಒಳ್ಳೆ ವೇದಿಕೆ ಕೊಟ್ಟಿದ್ದೀವಲ್ಲ" ಅಂದರು, ದುಡ್ಡು ಕೊಡಲಿಲ್ಲ. ಡ್ರಮ್ಸಿನ ಹುಡುಗ ಟೆಂಪೊ ಬಾಡಿಗೆಯನ್ನು ತನ್ನ ಜೇಬಿನಿಂದ ಕೊಟ್ಟಿದ್ದ. ಕಂಪನಿಗಳು ಟಿಡಿಎಸ್ ಹಿಡಿದು ಒಬ್ಬರ ಖಾತೆಗೆ ಹಾಕುತ್ತವೆ. ಪೂರ್ತಿ ಹಣ ಆ ಒಬ್ಬರ ಪ್ಯಾನಿಗೆ ಆದಾಯವಾಗಿ ಸೇರುತ್ತದೆ, ಆದ್ದರಿಂದ ತೆರಿಗೆಯ ಭಾಗ ತೆಗೆದಿಟ್ಟು ಉಳಿದದ್ದನ್ನು ಹಂಚಿ. ಪ್ರೋಗ್ರಾಮುಗಳು ಜಾಸ್ತಿಯಾದರೆ ಪಾಲುದಾರಿಕೆ ಪತ್ರ ಮಾಡಿಸಿ ಬ್ಯಾಂಡಿನ ಹೆಸರಲ್ಲೇ ಖಾತೆ ತೆಗೆಯಿರಿ.

ಸೌಂಡ್ ಚೆಕ್ಕಿಗೆ ಮೊದಲು ಡ್ರಮ್ಸ್, ಆಮೇಲೆ ಬೇಸ್, ಕೀಬೋರ್ಡ್, ಗಿಟಾರ್, ಕೊನೆಗೆ ದನಿ. ತಮ್ಮ ಸರದಿ ಬರುವವರೆಗೆ ಯಾರೂ ಸುಮ್ನೆ ನುಡಿಸಬಾರದು. ಸೌಂಡಿನ ಅಣ್ಣನ ಹೆಸರು ಕೇಳಿ, ಹೆಸರು ಹಿಡಿದು ಮಾತಾಡಿಸಿ. ನಿಮ್ಮ ರಾತ್ರಿ ಅವರ ಕೈಯಲ್ಲಿದೆ. ಚೀಲದಲ್ಲಿ ಹೆಚ್ಚುವರಿ ತಂತಿ, ಜ್ಯಾಕ್ ಕೇಬಲ್, 9 ವೋಲ್ಟ್ ಬ್ಯಾಟರಿ, ಎಕ್ಸ್‌ಟೆನ್ಷನ್ ಬೋರ್ಡ್, ಗಮ್ ಟೇಪ್, ಕ್ಯಾಪೊ ಇರಲಿ.

1996ರಲ್ಲಿ ಬೆಂಗಳೂರಿನ ಕ್ರೈಸ್ಟ್ ಕಾಲೇಜಿನ ಹುಡುಗರು ಕಟ್ಟಿದ ಥರ್ಮಲ್ ಆ್ಯಂಡ್ ಎ ಕ್ವಾರ್ಟರ್ ಇಂಗ್ಲಿಷಿನಲ್ಲಿ ಸ್ವಂತ ಹಾಡುಗಳನ್ನೇ ನುಡಿಸುತ್ತಾ ದಶಕಗಳ ಕಾಲ ಉಳಿಯಿತು, ಮುಂದೆ ತಾನೇ ಒಂದು ಸಂಗೀತ ಶಾಲೆಯನ್ನೂ ತೆರೆಯಿತು. ಸ್ವರಾತ್ಮ ಕನ್ನಡ ಮತ್ತು ಹಿಂದಿಯಲ್ಲಿ ಜನಪದದ ಸೊಗಡಿನ ಹಾಡು ಮಾಡಿ 2009ರಲ್ಲಿ ಮೊದಲ ಆಲ್ಬಂ ತಂದಿತು. ಇವರ ಪ್ರೋಗ್ರಾಂ ಎಲ್ಲಾದರೂ ಇದ್ದರೆ ಬ್ಯಾಂಡಿನ ಎಲ್ಲರೂ ಸೇರಿ ಹೋಗಿ. ಹಾಡಿನ ನಡುವಿನ ಖಾಲಿ ಹೊತ್ತನ್ನು ಅವರು ಹೇಗೆ ನಿಭಾಯಿಸುತ್ತಾರೆ ಅನ್ನುವುದನ್ನು ನೋಡಿ.

ಹೆಜ್ಜೆ 11: ಒಬ್ಬರು ಹೊರಟಾಗ

ಕ್ಲಾಸ್ ಮುಗಿಯುತ್ತದೆ. ಒಬ್ಬರಿಗೆ ಜರ್ಮನಿಯಲ್ಲಿ ಸೀಟು ಸಿಗುತ್ತದೆ, ಒಬ್ಬರಿಗೆ ಮದುವೆ ಗೊತ್ತಾಗುತ್ತದೆ. ಮೈಕ್ ಓಲ್ಸನ್ ತಾನೇ ಕಟ್ಟಿದ ಲೇಕ್ ಸ್ಟ್ರೀಟ್ ಡೈವನ್ನು 2021ರಲ್ಲಿ ಬಿಟ್ಟ. ಹದಿನೇಳು ವರ್ಷ ಆಗಿತ್ತು. ಉಳಿದವರು ಮುಂದುವರಿಸಿದರು.

ಹೋಗುವವರು ಮೂರು ತಿಂಗಳು ಮೊದಲು ಹೇಳಬೇಕು ಅಂತ ಆ ಕಾಫಿಯ ಸಂಜೆಯೇ ಬರೆದಿಡಿ. ಹೋದವರ ಹಾಡಿನ ಪಾಲು ಅವರದ್ದೇ, ಹೆಸರು ಉಳಿದವರದ್ದು. ಹೊರಡುವ ಮುಂಚೆ ಅವರು ತಮ್ಮ ಭಾಗಗಳನ್ನೆಲ್ಲ ಒಂದೊಂದೇ ನಿಧಾನವಾಗಿ ನುಡಿಸಿ ವಿಡಿಯೋ ಮಾಡಿಕೊಡಲಿ, ಹೊಸಬರಿಗೆ ಅದೇ ಪಾಠ. ಪಾಸ್‌ವರ್ಡುಗಳು ಯಾರ ಹತ್ತಿರ ಇವೆ ಅಂತ ನೋಡಿ, ಇಬ್ಬರ ಹತ್ತಿರ ಇರಲಿ. ಆಮೇಲೆ ಜ್ಯಾಮ್ ಪ್ಯಾಡಿನಲ್ಲಿ ಒಂದು ಗಂಟೆ ಜಾಸ್ತಿ ಹಿಡಿದು, ಹಳೆಯ ಹಾಡುಗಳನ್ನೆಲ್ಲ ಒಮ್ಮೆ ಒಟ್ಟಿಗೆ ನುಡಿಸಿ. ಮೂಲೆಯಲ್ಲಿ ಫೋನ್ ಇಡುವುದು ಮರೆಯಬೇಡಿ.